ಆಸ್ಟ್ರೇಲಿಯಾದ ನಾಟಕದ ಪುಸ್ತಕಗಳು: ದಾವಣಗೆರೆಯ ತಂಡಕ್ಕೆ ಯಾವುದು ಕೂಡುತ್ತೆ, ಯಾವುದು ಕೂಡಲ್ಲ

ದಾವಣಗೆರೆ, ಚಿತ್ರದುರ್ಗದ ಹವ್ಯಾಸಿ ತಂಡಗಳಿಗೆ ಮಳೆಗಾಲ ಮುಗಿಯುವ ಹೊತ್ತಿಗೆ ಪ್ರತಿ ವರ್ಷ ಒಂದೇ ಪೇಚು: ಈ ಸಲ ಯಾವ ನಾಟಕ? ಇಬ್ಸನ್, ಚೆಕಾವ್, ಬ್ರೆಕ್ಟ್ ಎಲ್ಲರನ್ನೂ ಕನ್ನಡಕ್ಕೆ ತಂದು, ಆಡಿದ್ದನ್ನೇ ಆಡಿ ಸವೆಸಿದ್ದಾಗಿದೆ. ಆಸ್ಟ್ರೇಲಿಯಾ ಅಂದರೆ ಕ್ರಿಕೆಟ್ ಬಿಟ್ಟು ಬೇರೇನೂ ನೆನಪಾಗದ ನಮಗೆ ಅಲ್ಲಿನ ರಂಗಭೂಮಿ ಇನ್ನೂ ಬಿಚ್ಚದ ಗಂಟು. ಬಿಚ್ಚಿದರೆ ಒಳಗೆ ಒಳ್ಳೆಯ ಮಾಲಿದೆ. ಆದರೆ ಎಲ್ಲವೂ ನಮ್ಮ ರಂಗಕ್ಕೆ ಒಗ್ಗುವುದಿಲ್ಲ.

ಇಲ್ಲಿ ಹೇಳುವ ಬಹುಪಾಲು ನಾಟಕಗಳು ಸಿಡ್ನಿಯ ಕರೆನ್ಸಿ ಪ್ರೆಸ್‌ನಿಂದ ಪುಸ್ತಕವಾಗಿ ಬಂದಿವೆ. 1971ರಲ್ಲಿ ಕ್ಯಾಥರೀನ್ ಬ್ರಿಸ್ಬೇನ್ ಮತ್ತು ಫಿಲಿಪ್ ಪಾರ್ಸನ್ಸ್ ಶುರು ಮಾಡಿದ ಪ್ರಕಾಶನ ಇದು, ಸ್ವದೇಶಿ ನಾಟಕ ಅಚ್ಚು ಹಾಕುವುದೇ ಇದರ ಮುಖ್ಯ ಕಸುಬು. ಪುಸ್ತಕ ತೆಗೆದರೆ ಮೊದಲ ಪ್ರಯೋಗದ ತಾರೀಖು, ಅವತ್ತು ಯಾರು ಯಾವ ಪಾತ್ರ ಮಾಡಿದರು ಎಂಬ ಪಟ್ಟಿ, ಒಂದು ಮುನ್ನುಡಿ ಸಿಗುತ್ತದೆ. ನಿರ್ದೇಶಕರಿಗೆ ಪಾತ್ರಪಟ್ಟಿಯೇ ಮೊದಲ ಲಾಭ: ಒಬ್ಬ ನಟ ಎಷ್ಟು ಪಾತ್ರ ಹೊತ್ತಿದ್ದಾನೆ ಎಂಬುದು ಅಲ್ಲೇ ಗೊತ್ತಾಗುತ್ತದೆ.

ತೀರ್ಪು ಮೊದಲೇ ಹೇಳಿಬಿಡುವುದು ವಾಸಿ. ಕೊಂಡರೆ ಮೊದಲು ಎರಡು ಕೊಳ್ಳಿ: ರೇ ಲಾಲರ್ ಅವರ 'ಸಮ್ಮರ್ ಆಫ್ ದಿ ಸೆವೆಂಟೀನ್ತ್ ಡಾಲ್', ಡೇವಿಡ್ ವಿಲಿಯಮ್ಸನ್ ಅವರ 'ದಿ ರಿಮೂವಲಿಸ್ಟ್ಸ್'. ವಿಲಿಯಮ್ಸನ್ ಅವರದೇ 'ಡಾನ್ಸ್ ಪಾರ್ಟಿ' (ಕುಣಿತದ ಡಾನ್ಸ್ ಅಲ್ಲ, ಡಾನ್ ಎಂಬವನ ಪಾರ್ಟಿ) ಬೇಡ. 1969ರ ಅಲ್ಲಿನ ಚುನಾವಣೆಯ ರಾತ್ರಿ ಲೇಬರ್ ಪಕ್ಷ ಗೆಲ್ಲುತ್ತದೆಂದು ಕುಡಿಯಲು ಕೂತವರು, ಪಕ್ಷ ಸೋಲುತ್ತಾ ಹೋದಂತೆ ಒಬ್ಬರ ಮೇಲೊಬ್ಬರು ಹರಿಹಾಯುವ ನಾಟಕ ಅದು. ಓದಲು ಮಜಾ. ಆದರೆ ಹನ್ನೊಂದು ಜನ ರಂಗದ ಮೇಲೆ, ಎಲ್ಲರ ಕೈಲೂ ಗ್ಲಾಸು, ಅಲ್ಲಿನ ಪಕ್ಷಗಳ ಒಳಜಗಳ ಗೊತ್ತಿಲ್ಲದವರಿಗೆ ಅರ್ಧ ನಗು ತಲುಪುವುದಿಲ್ಲ.

'ಡಾಲ್' 1955ರ ನವೆಂಬರ್ 28ರಂದು ಮೆಲ್ಬರ್ನ್‌ನ ಯೂನಿಯನ್ ಥಿಯೇಟರ್‌ನಲ್ಲಿ ಮೊದಲ ಸಲ ಆಡಿದ್ದು. ಬಾರ್ನಿಯ ಪಾತ್ರ ಲಾಲರ್ ಅವರೇ ಮಾಡಿದ್ದರು. ರೂ ಮತ್ತು ಬಾರ್ನಿ ಕ್ವೀನ್ಸ್‌ಲ್ಯಾಂಡ್‌ನಲ್ಲಿ ವರ್ಷಕ್ಕೆ ಏಳು ತಿಂಗಳು ಕಬ್ಬು ಕಡಿಯುತ್ತಾರೆ. ಉಳಿದ ಐದು ತಿಂಗಳು ಮೆಲ್ಬರ್ನ್‌ನ ಕಾರ್ಲ್‌ಟನ್ ಬಡಾವಣೆಯಲ್ಲಿ ಆಲಿವ್ ಮನೆಗೆ ಬಂದು ಹಬ್ಬ ಮಾಡುತ್ತಾರೆ. ಹದಿನಾರು ವರ್ಷ ಹೀಗೇ ನಡೆದಿದೆ, ಪ್ರತಿ ವರ್ಷ ರೂ ಆಲಿವ್‌ಗೆ ಒಂದು ಕ್ಯೂಪಿ ಗೊಂಬೆ ತಂದುಕೊಟ್ಟಿದ್ದಾನೆ. ಹದಿನೇಳನೆಯ ವರ್ಷ ಎಲ್ಲ ಕೈತಪ್ಪುತ್ತದೆ. ಬಾರ್ನಿಯ ಜೊತೆಗಾತಿ ನ್ಯಾನ್ಸಿ ಯಾರನ್ನೋ ಮದುವೆಯಾಗಿ ಹೋಗಿದ್ದಾಳೆ, ಅವಳ ಜಾಗಕ್ಕೆ ಪರ್ಲ್ ಬಂದಿದ್ದಾಳೆ. ಗ್ಯಾಂಗಿನಲ್ಲಿ ರೂಗಿಂತ ಚೆನ್ನಾಗಿ ಕಡಿಯುವ ಜಾನಿ ಡೌಡ್ ಎಂಬ ಹುಡುಗ ಹುಟ್ಟಿಕೊಂಡಿದ್ದಾನೆ. ರೂ ಮುನಿಸಿಕೊಂಡು ಅರ್ಧಕ್ಕೇ ಕೆಲಸ ಬಿಟ್ಟು ಬರಿಗೈಲಿ ಬಂದಿದ್ದಾನೆ.

ಜಗಳೂರು, ಹರಪನಹಳ್ಳಿ ಕಡೆಯವರಿಗೆ ಗುಳೆ ಅಂದರೇನೆಂದು ಹೇಳಿಕೊಡಬೇಕಿಲ್ಲ. ಅನುವಾದಕರು ಎಡವುವುದೂ ಅಲ್ಲೇ. ನಮ್ಮ ಗುಳೆ ಹೊಟ್ಟೆಪಾಡು. ಈ ಇಬ್ಬರಿಗೆ ಕಬ್ಬು ಕಡಿಯುವುದು ಗಂಡಸ್ತನದ ಪದಕ. ಊರಿನ ಮೆತ್ತನೆಯ ಗಂಡಸರ ನಡುವೆ ಇವರು ಹದ್ದುಗಳಂತೆ ಬಂದಿಳಿಯುತ್ತಾರೆಂಬುದು ಆಲಿವ್ ಕಣ್ಣಿನ ಚಿತ್ರ. ರೂನನ್ನು ಬಡ ಕೂಲಿಯಾಗಿ ಮಾಡಿ, ಹರಕು ಬನಿಯನ್ ತೊಡಿಸಿದರೆ ನಾಟಕ ಮೊದಲ ಹತ್ತು ನಿಮಿಷದಲ್ಲೇ ಸತ್ತಿತು. ಅವನು ಗ್ಯಾಂಗಿನ ಮೇಸ್ತ್ರಿ. ಇಸ್ತ್ರಿ ಮಾಡಿದ ಅಂಗಿ, ನೆಟ್ಟಗಿನ ಬೆನ್ನು ಇರಬೇಕು. ಅವನೇ ಪೇಂಟ್ ಕಾರ್ಖಾನೆಗೆ ಕೂಲಿಗೆ ಹೋಗುವ ಸ್ಥಿತಿ ಬಂದಾಗ ಮಾತ್ರ ಅಂಗಿಯ ಮೇಲೆ ಕಲೆ ಬೀಳಲಿ. ಮಿಲ್ಲುಗಳು ಒಂದೊಂದೇ ಮುಚ್ಚಿದ್ದನ್ನು ಕಂಡ ದಾವಣಗೆರೆಯ ಪ್ರೇಕ್ಷಕರಿಗೆ ಈ ಇಳಿತ ವಿವರಿಸಬೇಕಿಲ್ಲ, ತೋರಿಸಿದರೆ ಸಾಕು.

ಇನ್ನೊಂದು ಗುಂಡಿ ಆಲಿವ್. ಮದುವೆಯಿಲ್ಲದೆ ಹದಿನಾರು ಬೇಸಿಗೆ ಒಬ್ಬನೊಂದಿಗೆ ಬಾಳಿದವಳನ್ನು ಕನ್ನಡದಲ್ಲಿ ಬರೆಯುವಾಗ ಕೈ ತಾನಾಗಿಯೇ 'ಇಟ್ಟುಕೊಂಡವಳು' ಎಂಬ ಮಾತಿನ ಕಡೆ ಹೋಗುತ್ತದೆ. ಆ ಮಾತು ಯಾರ ಬಾಯಲ್ಲೂ ಬರಬಾರದು, ಅವಳಮ್ಮ ಎಮ್ಮಾಳ ಬಾಯಲ್ಲೂ. ಕೊನೆಯಲ್ಲಿ ರೂ ಮದುವೆಯಾಗೋಣ ಅಂದಾಗ ಒಪ್ಪದೆ ಕೂಗಾಡುವವಳು ಆಲಿವ್. ಅವಳಿಗೆ ಬೇಕಾದ್ದು ತಾಳಿಯಲ್ಲ, ಕಳೆದುಹೋದ ಐದು ತಿಂಗಳ ಹಬ್ಬ. ನಮ್ಮ ನಟಿಯರು ಇಲ್ಲಿ ಅಭ್ಯಾಸಬಲದಿಂದ ತ್ಯಾಗಮಯಿಯ ಅಳು ಅಳುತ್ತಾರೆ. ಇದು ಹಟ ಮಾಡುವ ಮಗುವಿನ ಅಳು. ಹಾಗೆ ಅತ್ತರೆ ಮಾತ್ರ ರೂ ಗೊಂಬೆಯನ್ನು ಬಡಿದು ಚಿಂದಿ ಮಾಡುವುದಕ್ಕೆ ಅರ್ಥ ಬರುತ್ತದೆ.

ಗೊಂಬೆಯ ಲೆಕ್ಕ ಹಾಕಿಕೊಳ್ಳಿ. ರಂಗದ ಮೇಲೆ ಹದಿನಾರು ಹಳೆಯವು, ಹದಿನೇಳನೆಯದು ಪ್ರತಿ ಪ್ರಯೋಗಕ್ಕೆ ಹೊಸದು, ತಾಲೀಮಿಗೆ ಇನ್ನೈದಾರು. ಕ್ಯೂಪಿ ಅಂದರೆ ಅಲ್ಲಿನ ಜಾತ್ರೆಯಲ್ಲಿ ಕೋಲಿಗೆ ಸಿಕ್ಕಿಸಿ ಮಾರುವ ಅಗ್ಗದ ಗೊಂಬೆ, ಸುತ್ತ ಜಾಲರಿ ಬಟ್ಟೆ, ಮಿರಿಮಿರಿ ಪುಡಿ. ದುರ್ಗಮ್ಮನ ಜಾತ್ರೆಯ ಅಂಗಡಿಯ ಪ್ಲಾಸ್ಟಿಕ್ ಗೊಂಬೆಗೆ ಮದುವೆ ಮನೆಯ ನೆಟ್ ಬಟ್ಟೆ ಸುತ್ತಿದರೆ ಅದೇ ಆಯಿತು. ಗಟ್ಟಿ ಪ್ಲಾಸ್ಟಿಕ್ ಒಡೆಯುವುದಿಲ್ಲ, ಬಡಿದರೆ ಪುಟಿದು ಮೊದಲ ಸಾಲಿಗೆ ಹಾರುತ್ತದೆ, ಜನ ನಗುತ್ತಾರೆ, ನಾಟಕ ಅಲ್ಲಿಗೆ ಮುಗಿಯಿತು. ಕುತ್ತಿಗೆ, ತೋಳಿನ ಕೀಲುಗಳನ್ನು ಮೊದಲೇ ಬಿಸಿ ಚಾಕುವಿನಲ್ಲಿ ಕೊಯ್ದು, ಅಂಟಿನಿಂದ ತೆಳುವಾಗಿ ಹಿಡಿಸಿಡಬೇಕು.

ಪಾತ್ರಗಳು ಏಳೇ, ಒಂದೇ ಹಜಾರ, ಮೂರು ಅಂಕ. ಪೂರ್ತಿ ಆಡಿದರೆ ಉದ್ದವಾಯಿತೆಂದು ಕತ್ತರಿ ಹಿಡಿಯುವ ಚಪಲ ಬೇಡ. ಚಿಂದೋಡಿ ಲೀಲಾ ಅವರ ಕೆ.ಬಿ.ಆರ್. ಡ್ರಾಮಾ ಕಂಪನಿಯ ಊರಿಗೆ ಉದ್ದದ ನಾಟಕ ಹೊಸದಲ್ಲ. ಕಂಪನಿಯಿಂದ ಎರವಲು ತರಬಾರದ್ದು ಒಂದಿದೆ: ಕೊನೆಯ ದೃಶ್ಯಕ್ಕೆ ಹಾರ್ಮೋನಿಯಂ. ರೂ, ಬಾರ್ನಿ ಬಾಗಿಲು ದಾಟಿ ಹೋಗುವಾಗ ಸದ್ದೇ ಇರಕೂಡದು.

ಸಂಬೋಧನೆಯ ವಿಷಯವನ್ನು ಅನುವಾದಕರು ಮೊದಲ ದಿನವೇ ಕೂತು ತೀರ್ಮಾನಿಸಬೇಕು, ಯಾಕೆಂದರೆ ಇಂಗ್ಲಿಷಿನಲ್ಲಿ ಇಲ್ಲದ ಒಂದು ಅಸ್ತ್ರ ಇಲ್ಲಿ ಕನ್ನಡಕ್ಕಿದೆ. ಆಲಿವ್, ರೂ ಮಧ್ಯೆ ಮೊದಲಿಂದಲೂ 'ನೀನು'. ಪರ್ಲ್ ಮಾತ್ರ ಬಾರ್ನಿಗೆ 'ರೀ', 'ನೀವು' ಅನ್ನುತ್ತಾ ಬರಲಿ, ಎರಡನೆಯ ಅಂಕದಲ್ಲಿ ಒಂದು ಕಡೆ 'ನೀನು'ಗೆ ಜಾರಲಿ, ಪೆಟ್ಟಿಗೆ ಕಟ್ಟಿ ಹೊರಡುವಾಗ ಮತ್ತೆ 'ನೀವು' ಆಗಲಿ. ಎಮ್ಮಾಳನ್ನು ಎಲ್ಲರೂ 'ಅವ್ವ' ಅಂದರೆ ಮುಗಿಯಿತು. ಗ್ರಾಂಥಿಕ ಕನ್ನಡದಲ್ಲಿ ಬರೆದರೆ ಈ ನಾಟಕಗಳಲ್ಲಿ ಒಂದೂ ಉಳಿಯುವುದಿಲ್ಲ. ಬ್ರಿಟನ್ನಿನ ಶಿಷ್ಟ ಇಂಗ್ಲಿಷಿಗೆ ಬೆನ್ನು ತಿರುಗಿಸಿ, ತಮ್ಮ ಬೀದಿಯ ಮಾತನ್ನೇ ರಂಗಕ್ಕೆ ತಂದದ್ದು ಇವರ ಸಾಧನೆ. ಅದನ್ನು ಮತ್ತೆ ಶಿಷ್ಟಕ್ಕೆ ತಿರುಗಿಸುವುದು ತಲೆಕೆಳಗಾದ ಕೆಲಸ.

'ದಿ ರಿಮೂವಲಿಸ್ಟ್ಸ್' 1971ರಲ್ಲಿ ಮೆಲ್ಬರ್ನ್‌ನ ಲಾ ಮಾಮಾ ಎಂಬ ಅಂಗೈಯಗಲದ ರಂಗಮಂದಿರದಲ್ಲಿ ಹುಟ್ಟಿದ್ದು. ಆರು ಪಾತ್ರ, ಎರಡು ಅಂಕ. ಮೊದಲ ಅಂಕ ಪೊಲೀಸ್ ಠಾಣೆ: ಸಾರ್ಜೆಂಟ್ ಸಿಮಂಡ್ಸ್, ತರಬೇತಿ ಮುಗಿಸಿ ಅವತ್ತೇ ಡ್ಯೂಟಿಗೆ ಬಂದ ಕಾನ್‌ಸ್ಟೇಬಲ್ ರಾಸ್. ಗಂಡ ಕೆನ್ನಿ ಹೊಡೆದನೆಂದು ದೂರು ಕೊಡಲು ಫಿಯೋನಾ ತನ್ನಕ್ಕ ಕೇಟ್ ಜೊತೆ ಬರುತ್ತಾಳೆ. ಸಿಮಂಡ್ಸ್ ದೂರು ಬರೆದುಕೊಳ್ಳುವುದಕ್ಕಿಂತ ಗಾಯ ನೋಡುವುದರಲ್ಲೇ ಹೆಚ್ಚು ಆಸಕ್ತ. ಕೇಸು ಬೇಡ, ಮನೆ ಸಾಮಾನು ಸಾಗಿಸಲು ತಾನೇ ಬರುತ್ತೇನೆ ಅನ್ನುತ್ತಾನೆ. ಎರಡನೆಯ ಅಂಕದಲ್ಲಿ ಕೆನ್ನಿಯ ಕೈಗೆ ಕೋಳ ಬೀಳುತ್ತದೆ, ಏಟು ಬೀಳುತ್ತದೆ, ಸಾಮಾನು ಒಂದೊಂದಾಗಿ ಆಚೆ ಹೋಗುತ್ತದೆ, ಕೊನೆಗೆ ಕೆನ್ನಿ ಸಾಯುತ್ತಾನೆ. ಸಾಮಾನು ಸಾಗಿಸುವವನಿಗೆ ಕಣ್ಣೆದುರು ನಡೆಯುವುದು ಲೆಕ್ಕಕ್ಕಿಲ್ಲ. ಹೊರಗೆ ನಿಂತ ತನ್ನ ಲಾರಿಗೆ ಎಷ್ಟು ದುಡ್ಡು ಹಾಕಿದ್ದೇನೆ, ಅದು ಖಾಲಿ ನಿಂತರೆ ಎಷ್ಟು ನಷ್ಟ ಎಂಬುದೇ ಅವನ ಚಿಂತೆ. ರಿಮೂವಲಿಸ್ಟ್ ಅಂದರೆ ಸಾಮಾನು ಸಾಗಿಸುವವನು, ನಾಟಕಕ್ಕೆ ಹೆಸರು ಅವನದೇ ಎಂಬುದನ್ನು ಮರೆಯದ ನಿರ್ದೇಶಕ ಅರ್ಧ ಗೆದ್ದ ಹಾಗೆ.

ಇದು ಕನ್ನಡಕ್ಕೆ ತೀರಾ ಸಲೀಸಾಗಿ ಬರುತ್ತದೆ, ಅದೇ ಅಪಾಯ. ಸಿಮಂಡ್ಸ್‌ನನ್ನು ಸಿನಿಮಾ ಇನ್‌ಸ್ಪೆಕ್ಟರ್ ಮಾಡಿ ಮೀಸೆ ತಿರುವಿಸಬೇಡಿ. ಅವನು ಹರಟೆಗಾರ, ತನ್ನ ಅನುಭವದ ಬಡಾಯಿ ಕೊಚ್ಚಿಕೊಳ್ಳುವ, ಚಹಾ ತರಿಸಿ ಕುಡಿಯುವ ಮಾಮೂಲಿ ಮನುಷ್ಯ. ಮೊದಲ ಅಂಕದಲ್ಲಿ ಜನ ಹೊಟ್ಟೆತುಂಬ ನಗಬೇಕು. ಎರಡನೆಯ ಅಂಕದ ಮೊದಲ ಏಟಿಗೂ ನಗಬೇಕು. ಮೂರನೆಯ, ನಾಲ್ಕನೆಯ ಏಟಿಗೆ ನಗು ಗಂಟಲಲ್ಲೇ ನಿಲ್ಲಬೇಕು. ಮೊದಲ ಅಂಕವನ್ನು ಅವಸರದಲ್ಲಿ ಓಡಿಸಿದ ತಂಡಕ್ಕೆ ಈ ತಿರುವು ಸಿಗುವುದಿಲ್ಲ, ಬರೀ ಹೊಡೆದಾಟ ಸಿಗುತ್ತದೆ. ಮುಕ್ತಾಯದಲ್ಲಿ ಇಬ್ಬರು ಪೊಲೀಸರು, ಕೆನ್ನಿ ತಮ್ಮ ಮೇಲೆ ಕೈಮಾಡಿದನೆಂದು ತೋರಿಸಲು, ಒಬ್ಬರನ್ನೊಬ್ಬರು ಹೊಡೆದುಕೊಳ್ಳತೊಡಗುತ್ತಾರೆ. ಅದನ್ನು ನಿಧಾನಗತಿಯಲ್ಲಿ, ಕೆಂಪು ದೀಪ ಹಾಕಿ ಮಾಡುವವರಿದ್ದಾರೆ. ಬೇಡ. ಮಾಮೂಲಿ ಬೆಳಕು, ಮಾಮೂಲಿ ವೇಗ.

ಸಾಮಾನು ನಿಜಕ್ಕೂ ಆಚೆ ಹೋಗಬೇಕು. ಥರ್ಮೋಕೋಲ್ ಫ್ರಿಜ್ಜು ಹೊತ್ತವನ ಬೆನ್ನು ಬಾಗುವುದಿಲ್ಲ, ಪ್ರೇಕ್ಷಕನಿಗೆ ಕೂಡಲೇ ಗೊತ್ತಾಗುತ್ತದೆ. ಗುಜರಿಯಿಂದ ಹಳೆಯ ಫ್ರಿಜ್ಜು ತಂದು ಹಿಂದಿನ ಕಂಪ್ರೆಸರ್ ತೆಗೆಸಿ, ಕೆಳಗೆ ಒಂದೆರಡು ಇಟ್ಟಿಗೆ ಇಟ್ಟರೆ ಇಬ್ಬರು ಹೊರುವಷ್ಟು ತೂಕ ಉಳಿಯುತ್ತದೆ. ತಾಲೀಮಿಗೆ ಮೊದಲು ಚಿತ್ರದುರ್ಗದ ತ.ರಾ.ಸು. ರಂಗಮಂದಿರವಿರಲಿ, ದಾವಣಗೆರೆಯ ಯಾವುದೇ ಸಭಾಂಗಣವಿರಲಿ, ವಿಂಗ್ ಬಾಗಿಲಿನ ಅಗಲವನ್ನು ಟೇಪ್ ಹಿಡಿದು ಅಳೆದುಬನ್ನಿ. ಕೈಕೋಳಕ್ಕೆ ಬೀಗ ಬೀಳದ ಆಟಿಕೆಯೇ ಸಾಕು. ನಿಜವಾದದ್ದು ಬಳಸಿ ಕೀಲಿ ಕಳೆದರೆ ಪರದೆ ಬಿದ್ದ ಮೇಲೂ ಕೆನ್ನಿ ಅಲ್ಲೇ. ಹೊಡೆತಗಳನ್ನು ಎಣಿಸಿ ಬರೆದಿಡಬೇಕು. ಪ್ರತಿ ಏಟಿಗೆ ನಂಬರು, ಪ್ರತಿ ನಂಬರಿಗೆ ಕೆನ್ನಿಯ ಕಣ್ಸನ್ನೆ ಬಂದ ಮೇಲೆಯೇ ಕೈ ಎತ್ತುವುದು. 'ಆವೇಶ ಬಂದಾಗ ನೋಡಿಕೊಳ್ಳೋಣ' ಅನ್ನುವ ನಟನಿಗೆ ಸಿಮಂಡ್ಸ್ ಪಾತ್ರ ಕೊಡಬಾರದು.

ಆಂಡ್ರೂ ಬೋವೆಲ್ ಅವರ 'ಸ್ಪೀಕಿಂಗ್ ಇನ್ ಟಂಗ್ಸ್' 1996ರದು. ನಾಲ್ವರು ನಟರು, ಒಂಬತ್ತು ಪಾತ್ರ. ಮೊದಲ ಭಾಗದಲ್ಲಿ ಎರಡು ಹೋಟೆಲ್ ರೂಮಿನ ಎರಡು ಜೋಡಿಗಳು ಒಂದೇ ರಂಗದಲ್ಲಿ ಏಕಕಾಲಕ್ಕೆ ಮಾತಾಡುತ್ತವೆ, ಎಷ್ಟೋ ಸಾಲುಗಳು ಒಟ್ಟಿಗೆ ಬೀಳುತ್ತವೆ. ನಮ್ಮ ಭಾಷೆಯ ಮೈಕಟ್ಟು ಇಲ್ಲಿ ಅಡ್ಡ ಬರುತ್ತದೆ. 'ನಾನು ಹೋಗ್ತೀನಿ' ಅಂದರೆ ಗಂಡು ಹೆಣ್ಣು ಇಬ್ಬರಿಗೂ ಒಂದೇ ರೂಪ, ಒಟ್ಟಿಗೆ ಹೇಳಬಹುದು. ತನ್ನ ಗಂಡನ ಬಗ್ಗೆ ಒಬ್ಬಳು, ತನ್ನ ಹೆಂಡತಿಯ ಬಗ್ಗೆ ಒಬ್ಬ ಹೇಳುವ ಸಾಲು ಬಂತೋ, 'ಬರ್ತಾನೆ', 'ಬರ್ತಾಳೆ' ಆಗಿ ಸೀಳುತ್ತದೆ. ಸೀಳಿದ್ದನ್ನು ಮುಚ್ಚುವುದಕ್ಕಿಂತ ಅದನ್ನೇ ತಾಳವಾಗಿ ಬಳಸಿಕೊಳ್ಳಿ: ಸಾಲು ಒಟ್ಟಿಗೆ ಸಾಗಿ ಕೊನೆಯ ಒಂದು ಅಕ್ಷರದಲ್ಲಿ ಮಾತ್ರ ಬೇರೆಯಾಗುವುದು ಕಿವಿಗೆ ಹಿತವೇ. ಒಬ್ಬರು 'ನೀವು', ಇನ್ನೊಬ್ಬರು 'ನೀನು' ಅನ್ನುವ ಕಡೆ ಮಾತ್ರ ದಾರಿಯಿಲ್ಲ, ಎಲ್ಲರಿಗೂ ಒಂದೇ ಇಟ್ಟುಬಿಡಿ. ಮೆಟ್ರೊನೋಮ್ (ಟಿಕ್ ಟಿಕ್ ಎಂದು ತಾಳ ಹಿಡಿಯುವ ಯಂತ್ರ) ಇಟ್ಟುಕೊಂಡು ತಾಲೀಮು ಮಾಡದ ತಂಡ ಈ ಪುಸ್ತಕಕ್ಕೆ ದುಡ್ಡು ಹಾಕುವುದು ದಂಡ.

ಅವರದೇ 'ವೆನ್ ದಿ ರೇನ್ ಸ್ಟಾಪ್ಸ್ ಫಾಲಿಂಗ್' 2008ರದು. 2039ರ ಆಲಿಸ್ ಸ್ಪ್ರಿಂಗ್ಸ್‌ನಲ್ಲಿ, ನಿಲ್ಲದ ಮಳೆಯಲ್ಲಿ, ಆಕಾಶದಿಂದ ಒಂದು ಮೀನು ಬೀಳುವುದರೊಂದಿಗೆ ಶುರುವಾಗಿ, ಹಿಂದೆ 1959ರ ಲಂಡನ್‌ವರೆಗೆ ಒಂದು ಕುಟುಂಬದ ನಾಲ್ಕು ತಲೆಮಾರುಗಳನ್ನು ಹೆಣೆಯುತ್ತದೆ. ತಂದೆ ಬಿಟ್ಟುಹೋದ ಪಾಪ ಮಕ್ಕಳಿಗೆ ಹೇಗೆ ಇಳಿಯುತ್ತದೆಂಬುದು ವಸ್ತು. ಗೇಬ್ರಿಯಲ್, ಗೇಬ್ರಿಯೆಲ್ ಎಂದು ಹೆಸರುಗಳೇ ಗೋಜಲು. ಬಾಗಿಲಲ್ಲಿ ಹಂಚುವ ಕರಪತ್ರದಲ್ಲಿ ವಂಶವೃಕ್ಷ ಹಾಕದಿದ್ದರೆ ಮಧ್ಯಂತರದಲ್ಲಿ ಅರ್ಧ ಸಭೆ ಖಾಲಿ. ಸಾಣೇಹಳ್ಳಿಯ ಬಯಲು ರಂಗಮಂದಿರದಲ್ಲಿ ಆಡುವ ಆಸೆಯಿದ್ದವರು ಇದನ್ನಾಗಲಿ, ಕುಡಿತವೇ ತುಂಬಿದ ನಾಟಕಗಳನ್ನಾಗಲಿ ಒಯ್ಯದಿರುವುದು ಮೇಲು. ಮಠದ ಅಂಗಳದಲ್ಲಿ ಮೀನು, ಬಾಟಲಿ ಇಡುವುದು ಔಚಿತ್ಯವಲ್ಲ.

ಅಲ್ಲಿಗೆ ಹೇಳಿ ಮಾಡಿಸಿದಂಥದ್ದು ಮೈಕೆಲ್ ಗೌ ಅವರ 'ಅವೇ'. 1986ರಲ್ಲಿ ಸಿಡ್ನಿಯ ಗ್ರಿಫಿನ್ ತಂಡ ಮೊದಲು ಆಡಿದ್ದು. 1967ರ ಕ್ರಿಸ್‌ಮಸ್ ರಜೆಗೆ ಮೂರು ಕುಟುಂಬಗಳು ಕಡಲ ತೀರಕ್ಕೆ ಹೋಗುತ್ತವೆ. ಒಂದಕ್ಕೆ ಮಗ ವಿಯೆಟ್ನಾಂ ಯುದ್ಧದಲ್ಲಿ ಸತ್ತ ದುಃಖ, ಒಂದಕ್ಕೆ ಮಗನ ರಕ್ತದ ಕ್ಯಾನ್ಸರ್ ಮುಚ್ಚಿಡುವ ಸಂಕಟ, ಇನ್ನೊಂದಕ್ಕೆ ಎಷ್ಟು ಇದ್ದರೂ ಸಾಲದೆಂಬ ಅಮ್ಮನ ಕಾಟ. ಶಾಲೆಯ ಮಕ್ಕಳು ಷೇಕ್ಸ್‌ಪಿಯರ್‌ನ 'ಎ ಮಿಡ್‌ಸಮ್ಮರ್ ನೈಟ್ಸ್ ಡ್ರೀಮ್' ಆಡಿ ಮುಗಿಸುವುದರೊಂದಿಗೆ ತೆರೆ ಏಳುತ್ತದೆ, 'ಕಿಂಗ್ ಲಿಯರ್' ಓದುವುದರಲ್ಲಿ ಮುಗಿಯುತ್ತದೆ. ನಡುವೆ ಬಿರುಗಾಳಿ. ಪಾತ್ರಗಳು ಹೆಚ್ಚು, ಆದ್ದರಿಂದ ಕಾಲೇಜು ತಂಡಗಳಿಗೆ ಹಬ್ಬ. ಕ್ರಿಸ್‌ಮಸ್‌ಗೆ ಸುಡುಬೇಸಿಗೆಯೇ ಎಂದು ಜನ ತಬ್ಬಿಬ್ಬಾಗುತ್ತಾರೆಂದು ಅದನ್ನು ದಸರಾ ರಜೆ ಮಾಡಲು ಹೊರಡಬೇಡಿ. 'ಅಲ್ಲಿ ಡಿಸೆಂಬರ್ ಅಂದ್ರೆ ನಮ್ಮ ಏಪ್ರಿಲ್' ಎಂಬ ಒಂದು ಸಾಲು ಸಾಕು. ಬಿರುಗಾಳಿಗೆ ಫ್ಯಾನ್ ಬಾಡಿಗೆ ತರುವುದಕ್ಕಿಂತ ನಾಲ್ಕು ಜನ, ಹತ್ತು ಮೀಟರ್ ನೀಲಿ ಬಟ್ಟೆ, ಒಂದು ತಗಡು. ಬಯಲಿನಲ್ಲಿ ನಿಜವಾದ ಗಾಳಿಯೇ ಬಂದು ಮಾತು ಹಾರಿಸಿಕೊಂಡು ಹೋಗುವುದುಂಟು, ಆ ದೃಶ್ಯದ ಮಾತುಗಳನ್ನು ಮುಂಚೂಣಿಗೆ ತಂದು ಹೇಳಿಸಬೇಕು.

ಮೂಲನಿವಾಸಿಗಳ ನಾಟಕಗಳ ವಿಷಯ ಬೇರೆ. ಕೊಳ್ಳಲೇಬೇಕು, ಓದಲೇಬೇಕು, ಆಡುವ ಮೊದಲು ಎರಡು ಸಲ ಯೋಚಿಸಬೇಕು. ಜಾಕ್ ಡೇವಿಸ್ ಅವರ 'ನೋ ಶುಗರ್' 1985ರಲ್ಲಿ ಪರ್ತ್ ಉತ್ಸವದಲ್ಲಿ ಬಂದದ್ದು. 1930ರ ದಶಕದ ಆರ್ಥಿಕ ಕುಸಿತದ ಕಾಲದಲ್ಲಿ ನಾರ್ದಮ್ ಊರಿನ ಮಿಲ್ಲಿಮುರ್ರಾ ಕುಟುಂಬವನ್ನು ಸರ್ಕಾರ ಬಲವಂತವಾಗಿ ಮೂರ್ ರಿವರ್ ವಸತಿಗೆ ಸಾಗಿಸುತ್ತದೆ. ಪಡಿತರದಿಂದ ಸೋಪು ಕಿತ್ತುಕೊಂಡು, ಆಮೇಲೆ ಕೊಳಕರೆಂದು ಬೈಯುವ ಆಡಳಿತ. ಮೊದಲ ಪ್ರಯೋಗದಲ್ಲಿ ಪ್ರೇಕ್ಷಕರು ಕೂರದೆ, ದೃಶ್ಯದಿಂದ ದೃಶ್ಯಕ್ಕೆ ನಡೆದುಕೊಂಡು ನೋಡುವ ಏರ್ಪಾಟಿತ್ತು. ಪುಸ್ತಕದ ಕೊನೆಯಲ್ಲಿ ನ್ಯೂಂಗಾ ಭಾಷೆಯ ಪದಕೋಶವಿದೆ. ಆ ಪದಗಳನ್ನು ಅನುವಾದ ಮಾಡಬೇಡಿ, ಹಾಗೇ ಬಿಡಿ. ಪ್ರೇಕ್ಷಕನಿಗೆ ಅರ್ಥವಾಗದಿರುವುದೂ ನಾಟಕದ ಭಾಗ. ಮುಖಕ್ಕೆ ಕಪ್ಪು ಬಳಿಯುವ ಯೋಚನೆ ಯಾರಿಗಾದರೂ ಬಂದರೆ ಆ ನಾಟಕ ಕೈಬಿಡಿ. ಅವರ ಕುಣಿತವನ್ನು ವಿಡಿಯೊ ನೋಡಿ ನಕಲು ಮಾಡುವುದೂ ಅದೇ ತಪ್ಪು.

ವೆಸ್ಲಿ ಇನೋಕ್ ಮತ್ತು ಡೆಬೊರಾ ಮೈಲ್‌ಮನ್ ಬರೆದ 'ದಿ 7 ಸ್ಟೇಜಸ್ ಆಫ್ ಗ್ರೀವಿಂಗ್' 1995ರ ಏಕವ್ಯಕ್ತಿ ನಾಟಕ. ಹಗ್ಗದಲ್ಲಿ ತೂಗುವ ಮಂಜುಗಡ್ಡೆ ಕೆಳಗಿನ ಕೆಂಪು ಮಣ್ಣಿನ ಗೋರಿಯ ಮೇಲೆ ಹನಿಹನಿಯಾಗಿ ಕರಗುತ್ತಿರುತ್ತದೆ. ಹೊರದೇಶದಲ್ಲಿ ಬಾಳಿದ ಬಂಧುವೊಬ್ಬಳು ಸಾವಿನ ಮನೆಗೆ ಬಂದು, ಕೊನೆಗೆ ತನ್ನ ಪೆಟ್ಟಿಗೆಯ ಬಟ್ಟೆಗಳನ್ನು ಸುರಿದು, ಅದರಲ್ಲಿ ಕೆಂಪು ಮಣ್ಣು ತುಂಬಿಕೊಳ್ಳುತ್ತಾಳೆ. ಇದನ್ನು ನಮ್ಮ ನಟಿ ಆಡುವುದಕ್ಕಿಂತ, ಒಂದು ಸಮುದಾಯದ ದುಃಖವನ್ನು ವಸ್ತುಗಳ ಮೂಲಕ ಹೇಗೆ ಹೇಳಿದರೆಂದು ಕಲಿಯುವುದು ಮೇಲು. ನಿಮ್ಮದೇ ನಾಟಕಕ್ಕೆ ಈ ಮಂಜಿನ ಉಪಾಯ ಬೇಕಿದ್ದರೆ: ಐಸ್ ಫ್ಯಾಕ್ಟರಿಯ ಬಾರನ್ನು ಇಪ್ಪತ್ತು ಕೆ.ಜಿ.ಗೆ ಕತ್ತರಿಸಿ, ಮೀನಿನ ಬಲೆಯಂಥ ನೈಲಾನ್ ಬಲೆಯಲ್ಲಿ ಕಟ್ಟಿ. ಬರೀ ಹಗ್ಗ ಸುತ್ತಿದರೆ ಹಗ್ಗದ ಜಾಗವೇ ಮೊದಲು ಕರಗಿ ಗಡ್ಡೆ ಜಾರಿ ಬೀಳುತ್ತದೆ. ಲೈಟು ಕಟ್ಟುವ ಪೈಪಿಗೆ ಎಂದೂ ಕಟ್ಟಬೇಡಿ. ಕೆಳಗೆ ಹನಿಯುವ ನೀರು, ಮೇಲೆ ಕರೆಂಟು. ಬಿದಿರಿನ ಮುಕ್ಕಾಲಿಯೇ ಸುರಕ್ಷಿತ. ಮಣ್ಣಿನ ಕೆಳಗೆ ಅಂಚಿರುವ ತಗಡಿನ ತಟ್ಟೆ, ಅದರಲ್ಲಿ ಜರಡಿ ಹಿಡಿದ ನಾಲ್ಕು ಇಂಚು ಕೆಮ್ಮಣ್ಣು. ಎರೆಮಣ್ಣು ಹಾಕಿದರೆ ಅಂಟಿ ಕೆಸರಾಗಿ ನಟಿಯ ಕಾಲು ಕಚ್ಚುತ್ತದೆ.

ಸೂಜಿ ಮಿಲ್ಲರ್ ಅವರ 'ಪ್ರೈಮಾ ಫೇಸಿ' 2019ರಲ್ಲಿ ಗ್ರಿಫಿನ್ ತಂಡದಿಂದ ಬಂದು, 2022ರಲ್ಲಿ ಜೋಡಿ ಕಾಮರ್ ನಟನೆಯಲ್ಲಿ ಲಂಡನ್ ಸೇರಿದ ಏಕವ್ಯಕ್ತಿ ನಾಟಕ. ಅತ್ಯಾಚಾರದ ಆರೋಪಿಗಳ ಪರ ವಾದಿಸಿ ಗೆಲ್ಲುತ್ತಿದ್ದ ವಕೀಲೆ ತಾನೇ ಅದಕ್ಕೆ ಒಳಗಾಗಿ ಸಾಕ್ಷಿಕಟ್ಟೆ ಹತ್ತುತ್ತಾಳೆ. ಇದನ್ನು ದಾವಣಗೆರೆ ಕೋರ್ಟಿಗೆ ತರಬೇಡಿ. ನಮ್ಮಲ್ಲಿ ಇಂಥ ವಿಚಾರಣೆ ಮುಚ್ಚಿದ ಬಾಗಿಲೊಳಗೆ ನಡೆಯಬೇಕೆಂಬ ನಿಯಮವಿದೆ, ಜೂರಿಯಂತೂ ಇಲ್ಲ. ನಾಟಕದ ಕೋರ್ಟು ದೃಶ್ಯ ನಿಂತಿರುವುದೇ ಎಲ್ಲರ ಕಣ್ಣು ಅವಳ ಮೇಲಿದೆ ಎಂಬುದರ ಮೇಲೆ. ಅಲ್ಲಿನ ಕತೆ ಅಲ್ಲೇ ಇರಲಿ, ಮಾತು ಮಾತ್ರ ನಮ್ಮದಾಗಲಿ.

ಎಸ್. ಶಕ್ತಿಧರನ್ ಅವರ 'ಕೌಂಟಿಂಗ್ ಅಂಡ್ ಕ್ರಾಕಿಂಗ್' ಶ್ರೀಲಂಕಾದಿಂದ ಸಿಡ್ನಿಗೆ ಬಂದ ತಮಿಳು ಕುಟುಂಬದ್ದು, 2019ರದು. ಹದಿನಾರು ನಟರು, ಹಲವು ಭಾಷೆ, ಮೂರು ಗಂಟೆಗೂ ಮೇಲೆ. ಹವ್ಯಾಸಿ ತಂಡದ ಕೈಗೆ ಎಟುಕದು. ಒಬ್ಬ ನಟ ತಮಿಳಿನಲ್ಲಿ ಹೇಳಿದ್ದನ್ನು ಪಕ್ಕದವನು ರಂಗದ ಮೇಲೇ ಇಂಗ್ಲಿಷಿಗೆ ತಿರುಗಿಸುವ ಕ್ರಮ ಮಾತ್ರ ಕದಿಯಬಹುದು.

ಹಕ್ಕಿನ ಮಾತು. ಇಲ್ಲಿ ಹೆಸರಿಸಿದ ಯಾವ ನಾಟಕವೂ ಹಕ್ಕುಮುಕ್ತವಲ್ಲ. ನಮ್ಮ 1957ರ ಕಾಯಿದೆಯಲ್ಲಿ ಲೇಖಕರ ಆಯುಷ್ಯದ ನಂತರ 60 ವರ್ಷ. ಹವ್ಯಾಸಿ ಸಂಘ ದುಡ್ಡು ಪಡೆಯದೆ ಆಡಿದರೆ ಪ್ರದರ್ಶನಕ್ಕೆ ವಿನಾಯಿತಿ ಇದೆ. ಅದನ್ನು ನೆಚ್ಚಿಕೊಂಡು ಕೂತವರು ಮರೆಯುವುದು ಏನೆಂದರೆ, ಅನುವಾದದ ಹಕ್ಕು ಬೇರೆಯೇ. ಟಿಕೆಟ್ ಇಟ್ಟ ದಿನ ಆ ವಿನಾಯಿತಿಯೂ ಇಲ್ಲ. ಕನಿಷ್ಠ ನಾಲ್ಕು ತಿಂಗಳು ಮೊದಲೇ ಪ್ರಕಾಶಕರ ಮೂಲಕ ಬರೆಯಿರಿ: ಊರು, ಸಭಾಂಗಣದ ಸೀಟು, ಎಷ್ಟು ಪ್ರಯೋಗ, ಟಿಕೆಟ್ ದರ, ಅನುವಾದಕರ ಹೆಸರು, ವಿಡಿಯೊ ಯೂಟ್ಯೂಬ್‌ಗೆ ಹೋಗುತ್ತದೋ ಇಲ್ಲವೋ. ಕೊನೆಯದನ್ನು ಬರೆಯದೆ ಬಿಟ್ಟು, ಆಮೇಲೆ ವಿಡಿಯೊ ಏರಿಸಿ ಸಿಕ್ಕಿಬೀಳುವುದೇ ಹೆಚ್ಚು.

ಬಜೆಟ್ ತೀರಾ ಕಮ್ಮಿ, ಐದೇ ಜನ ಇದ್ದೀವಿ ಅನ್ನುವವರಿಗೆ ಅಲನ್ ಸೀಮರ್ ಅವರ 'ದಿ ಒನ್ ಡೇ ಆಫ್ ದಿ ಇಯರ್' ಇದೆ. ಅಡಿಲೇಡ್ ಉತ್ಸವ ಬೇಡವೆಂದು ತಳ್ಳಿದ ನಾಟಕ. 1960ರಲ್ಲಿ ಅದೇ ಊರಿನ ಹವ್ಯಾಸಿ ತಂಡವೊಂದು ಆಡಿ ತೋರಿಸಿತು. ಏಪ್ರಿಲ್ 25, ಅಂದರೆ 1915ರ ಗಲಿಪೊಲಿ ಯುದ್ಧವನ್ನು ನೆನೆಯುವ ಆನ್ಜ್ಯಾಕ್ ದಿನ, ಲಿಫ್ಟ್ ನಡೆಸುವ ಆಲ್ಫ್‌ಗೆ ವರ್ಷದ ಒಂದೇ ದೊಡ್ಡ ದಿನ. ಯೂನಿವರ್ಸಿಟಿ ಸೇರಿದ ಮಗ ಹ್ಯೂಯಿ, ಅವತ್ತು ಕುಡಿದು ಬಿದ್ದವರ ಫೋಟೊ ತೆಗೆದು ಕಾಲೇಜು ಪತ್ರಿಕೆಗೆ ಹಾಕಲು ಹೊರಡುತ್ತಾನೆ. ಎಪಿಎಂಸಿ ಹಮಾಲರ, ಮಿಲ್ ಕಾರ್ಮಿಕರ ಮನೆಯಿಂದ ಮೊದಲ ಸಲ ಇಂಜಿನಿಯರಿಂಗ್ ಕಾಲೇಜಿನ ಮೆಟ್ಟಿಲು ಹತ್ತಿದ ಮಕ್ಕಳಿರುವ ಊರಿನಲ್ಲಿ ಅಪ್ಪನ ಬಗ್ಗೆ ನಾಚಿಕೆ, ಆ ನಾಚಿಕೆಯ ಬಗ್ಗೆ ಇನ್ನಷ್ಟು ನಾಚಿಕೆ ಎಂಬುದು ನೇರ ಎದೆಗೆ ತಾಗುತ್ತದೆ. ಹ್ಯೂಯಿ ಅಪ್ಪನಿಗೆ 'ನೀನು' ಅನ್ನಲಿ. ಅವನ ಸ್ನೇಹಿತೆ ಜಾನ್ ಎದುರು ಮಾತ್ರ 'ನಮ್ಮ ತಂದೆಯವರು' ಆಗಲಿ. ವಾಕಾ ಎಂಬ ಮುದುಕ ಗೆಳೆಯ ನಿಜಕ್ಕೂ ಗಲಿಪೊಲಿಯಲ್ಲಿ ಇದ್ದವನು, ಆದರೆ ಅದರ ಬಗ್ಗೆ ಬಾಯಿ ಬಿಡುವುದೇ ಕಮ್ಮಿ. ಅವನು ಬಾಯಿ ಬಿಡುವ ಹೊತ್ತಿಗೆ ಉಳಿದವರೆಲ್ಲ ಕೈಲಿರುವ ಗ್ಲಾಸು ಕೆಳಗಿಡಲಿ, ಹಿನ್ನೆಲೆಯಲ್ಲಿ ಬ್ಯೂಗಲ್ ಬೇಡ, ನಟ ಕೂತಲ್ಲೇ ಕೂತು ಹೇಳಲಿ.